ಸುಳ್ಳುಗಣಿಯ ಹದಿನೆಂಟು ಬಕೆಟ್ಟು

ದಿನಕ್ಕೆ ಎಂಟು ತಾಸು ಆರುನೂರು ಮೀಟರ್ ಆಳದಲ್ಲಿ ಕಲ್ಲು ಎತ್ತುವ ಹುಲಿಗೆಮ್ಮನ ಚಪ್ಪಲಿಗೆ ಗಣಿಯ ಕೆಸರು ಒಮ್ಮೆಯೂ ಹತ್ತಿದ್ದಿಲ್ಲ. ಅವಳು ಕೂರುವುದು ನೆಲದ ಮೇಲೆ, ಬುದ್ದಿನಗುಡ್ಡ ಚಿನ್ನದ ಗಣಿಯ ಕಂಟ್ರೋಲ್ ರೂಮಿನಲ್ಲಿ, ತಂಪು ಹವೆಯಲ್ಲಿ. ಕೆಳಗೆ ಓಡಾಡುವುದು ಲೋಡರ್. ಅದು ಕುಳ್ಳಗೆ ಚಪ್ಪಟೆಯಾಗಿ, ಮುಂದೊಂದು ದೊಡ್ಡ ಬಕೆಟ್ಟು ಚಾಚಿಕೊಂಡು ತೆವಳುವುದನ್ನು ನೋಡಿ ಗಣಿಯ ಜನ ಅದನ್ನು ಆಮೆ ಎಂದು ಕರೆಯುತ್ತಿದ್ದರು. ಆಮೆಯ ಮೂತಿಯ ಮೇಲೆ ಜೋಡಿ ಕ್ಯಾಮೆರಾ. ಅದು ಕಂಡದ್ದೆಲ್ಲ ಹುಲಿಗೆಮ್ಮ ತಲೆಗೆ ಕಟ್ಟಿಕೊಂಡ ಹೆಡ್‌ಸೆಟ್ಟಿನೊಳಗೆ ಎರಡೂ ಕಣ್ಣಿಗೆ ಬೇರೆಬೇರೆಯಾಗಿ ಬಂದು, ಕಲ್ಲು ಎಷ್ಟು ದೂರ, ಗೋಡೆ ಎಷ್ಟು ಹತ್ತಿರ ಎಂಬುದು ಕೈಯಿಂದ ಮುಟ್ಟಿದಷ್ಟು ಸ್ಪಷ್ಟವಾಗಿ ತಿಳಿಯುತ್ತಿತ್ತು. ಟಿವಿ ಪರದೆಯಲ್ಲಿ ನೋಡಿ ಓಡಿಸಿದರೆ ಈ ಅಂದಾಜು ಸಿಕ್ಕುವುದಿಲ್ಲ. ಗಾಣದ ಎತ್ತಿಗೆ ಕಟ್ಟುವುದನ್ನು ನೋಡಿ ಬೆಳೆದ ಜನ ಹೆಡ್‌ಸೆಟ್ಟಿಗೂ ಕಣ್ಣುಪಟ್ಟಿ ಎಂದೇ ಹೆಸರಿಟ್ಟರು.

ಇಷ್ಟೇ ಆಗಿದ್ದರೆ ಕಥೆಯೇ ಇರುತ್ತಿರಲಿಲ್ಲ. ನಿಮ್ಮ ಮನೆಯ ಹಾಗೇ ಇರುವ ಇನ್ನೊಂದು ಮನೆಯ ಬಾಗಿಲು, ನೀವು ಕೇಳದೆಯೇ, ದಿನಕ್ಕೆರಡು ಸಲ ನಿಮ್ಮ ಮುಂದೆ ತೆರೆದುಕೊಂಡರೆ ಏನು ಮಾಡುತ್ತೀರಿ? ಅದೇ ಅಡುಗೆಮನೆ, ಅದೇ ಹೊಸ್ತಿಲು, ಆದರೆ ಒಲೆಯ ಮೇಲಿಟ್ಟ ಹಾಲು ಮಾತ್ರ ಕುದಿಯುತ್ತಿರುವುದು ಅಸಲಿ ಮನೆಯಲ್ಲಿ. ಹುಲಿಗೆಮ್ಮನ ಕಂಪ್ಯೂಟರಿನಲ್ಲಿ ಅಂಥದೊಂದು ಬಾಗಿಲಿತ್ತು. ಹೆಸರು ಪ್ರತಿಗಣಿ. ಆಪರೇಟರುಗಳ ಅಭ್ಯಾಸಕ್ಕೆಂದು ಹೊರಗಿನ ಕಂಪನಿಯೊಂದು ಮಾಡಿಕೊಟ್ಟ ತಂತ್ರಾಂಶ. ಆಮೆ ಓಡಾಡಿದಲ್ಲೆಲ್ಲ ಅದರ ಲೇಸರ್ ಕಣ್ಣು ಸುರಂಗದ ಅಳತೆ ತೆಗೆಯುತ್ತಿತ್ತು. ಆ ಅಳತೆಯಿಂದ ಪ್ರತಿಗಣಿ ನಿಮಿಷನಿಮಿಷಕ್ಕೂ ತನ್ನನ್ನು ತಿದ್ದಿಕೊಂಡು, ಅಸಲಿ ಗಣಿಯಲ್ಲಿ ಒಂದು ಕಲ್ಲು ಉರುಳಿದರೆ ತನ್ನೊಳಗೂ ಒಂದು ಕಲ್ಲು ಉರುಳಿಸಿಕೊಳ್ಳುತ್ತಿತ್ತು. ಆಪರೇಟರುಗಳು ಅದಕ್ಕೆ ಸುಳ್ಳುಗಣಿ ಎನ್ನುತ್ತಿದ್ದರು.

ಸುಳ್ಳುಗಣಿಯ ಮೇಲೆ ಹುಲಿಗೆಮ್ಮನಿಗೆ ಸಿಟ್ಟಿದ್ದದ್ದು ಅದು ಸುಳ್ಳೆಂದಲ್ಲ. ಕರೆಯದೇ ಬರುತ್ತದೆಂದು. ಬೆಳಿಗ್ಗೆ ಕಂಪ್ಯೂಟರ್ ಚಾಲು ಮಾಡಿದರೆ ಬಂತು. ಚಹಾ ಕುಡಿದು ಬಂದು ಕೂತರೆ ಬಂತು. ಮುಚ್ಚಿದರೆ ಮತ್ತೆ ಬಂತು. ಅದು ತೆರೆದಾಗ ಮೂಲೆಯಲ್ಲಿ "ಅಭ್ಯಾಸ" ಎಂಬ ನೀಲಿ ಅಕ್ಷರ ಹತ್ತು ಸೆಕೆಂಡು ಮಿಂಚಿ ಮಾಯವಾಗುತ್ತಿತ್ತು. ಆಮೇಲೆ ಗುರುತು ಹಿಡಿಯಲು ಇದ್ದದ್ದು ಒಂದೇ ದಾರಿ: ಸುಳ್ಳುಗಣಿ ಯಾವಾಗಲೂ ಸುರಂಗದ ಬಾಯಿಂದ ಶುರುವಾಗುತ್ತಿತ್ತು. ಹೋದ ವಾರ ಹೊಸ ಆವೃತ್ತಿ ಬಂದು ಆ ಗುರುತೂ ಹೋಯಿತು. ಇನ್ನುಮುಂದೆ ಆಮೆ ಎಲ್ಲಿ ನಿಂತಿದೆಯೋ ಅಲ್ಲಿಂದಲೇ ಅಭ್ಯಾಸ ಎಂದು ಆ ಕಂಪನಿಯವರು ಹೆಮ್ಮೆಯಿಂದ ಬರೆದಿದ್ದರು.

ಅವತ್ತು ಬೆಳಿಗ್ಗೆ ಮನೆಯಲ್ಲಿ ಅವಳು ಹೊರಡಲು ತಯಾರಾಗುತ್ತಿದ್ದಾಗ ಅತ್ತಿಗೆ ಶರಣಮ್ಮ ಹಿಂದೆ ಬಂದು ನಿಂತಳು.

"ಕನ್ನಡಿ ತುಂಬ ನಿಂದ ಟಿಕಳಿ ಅದಾವ. ಮಾರಿ ನೋಡ್ಕೊಳ್ಳಾಕ ಜಾಗಾ ಎಲ್ಲೈತಿ?"

ನಿಜವೇ. ಹಣೆಗಿಡುವ ಕೆಂಪು ಟಿಕಳಿಗಳನ್ನು ಮಲಗುವ ಮುಂಚೆ ಕಿತ್ತು ಕನ್ನಡಿಗೆ ಅಂಟಿಸುವುದು, ಬೆಳಿಗ್ಗೆ ಅಂಟು ಉಳಿದದ್ದನ್ನು ಹುಡುಕಿ ಮತ್ತೆ ಹಣೆಗೇರಿಸುವುದು ಹುಲಿಗೆಮ್ಮನ ರೂಢಿ. ಅವಳು ನಕ್ಕು, ಒಂದನ್ನು ಹಣೆಗೆ ಒತ್ತಿಕೊಂಡು, ಇನ್ನೊಂದನ್ನು ಮೊಬೈಲಿನ ಹಿಂಬದಿಗೆ ಅಂಟಿಸಿಕೊಂಡಳು.

ಅಣ್ಣ ಯಮನೂರಪ್ಪ ಹೊಸ್ತಿಲಲ್ಲಿ ಕೂತು ಬೂಟು ಕಟ್ಟುತ್ತಿದ್ದ. ತಾಯಿ ತಂದೆ ಇಬ್ಬರೂ ಹೋದಾಗ ಹುಲಿಗೆಮ್ಮನಿಗೆ ಒಂಬತ್ತು ವರ್ಷ, ಅವನಿಗೆ ಹತ್ತೊಂಬತ್ತು. ಅವಳ ಜಡೆ ಹೆಣೆಯುವುದನ್ನೂ ಕಲಿತು ಬೆಳೆಸಿದವನು ಅವನು. ಗಣಿಯಲ್ಲಿ ಗಾಳಿಯ ಪೈಪು ಕಟ್ಟುವ ಕೆಲಸ.

"ಇವತ್ತ ಹದಿನಾಲ್ಕನೇ ಲೆವೆಲ್ಲು," ಎಂದ. "ಗ್ಯಾನಪ್ಪ ಕಾಕಾ, ದುರುಗಪ್ಪ, ನಾನು. ನಿನ್ನ ಆಮಿ ಅಡ್ಡಾಡೋ ದಾರಿಯಾಗ ಬರ್ತೀವಿ ನೋಡು, ಮ್ಯಾಲಿಂದ ಕೈ ಮಾಡು."

"ನಾ ಕೈ ಮಾಡಿದ್ರ ಬಕೆಟ್ಟು ಏಳ್ತೈತಿ, ಹುಷಾರು," ಎಂದಳು ಹುಲಿಗೆಮ್ಮ.

ಕಂಟ್ರೋಲ್ ರೂಮಿನಲ್ಲಿ ಉಪಕರಣಗಳ ಉಸ್ತುವಾರಿಯ ಎಂಜಿನಿಯರ್ ಅಲ್ತಾಫ್ ಆಗಲೇ ಅವಳ ಕಂಪ್ಯೂಟರಿನ ಮುಂದೆ ಕೂತಿದ್ದ. ಲಿಂಗಸೂರು ಕಡೆಯವನು, ಮಾತಿಗಿಂತ ನಿಟ್ಟುಸಿರು ಜಾಸ್ತಿ. ಕಂಪ್ಯೂಟರ್ ಏಳುವಾಗ ತಾವಾಗಿ ಏಳುವ ತಂತ್ರಾಂಶಗಳ ಪಟ್ಟಿ ತೆಗೆದು, ಪ್ರತಿಗಣಿಯ ಮುಂದಿನ ಗುರುತು ಅಳಿಸಿದ. ಮರುಚಾಲನೆ ಮಾಡಿದ. ಗುರುತು ಮರಳಿ ಬಂದಿತ್ತು.

"ಇದರ ಹಿಂದ ಇನ್ನೊಂದು ಕಾವಲು ಪ್ರೋಗ್ರಾಮ್ ಐತಿ ಅಕ್ಕಾ. ನಾ ಆರಿಸಿದ್ದನ್ನ ಅದು ಎಬ್ಬಿಸ್ತೈತಿ. ಅದನ್ನ ತಗೀಬೇಕಂದ್ರ ಹೆಡ್ ಆಫೀಸಿನ ಪಾಸ್‌ವರ್ಡ್ ಬೇಕು. ಮೂರು ವಾರದಿಂದ ಬರಿಯಾಕತ್ತೀನಿ. ನಿಮ್ಮ ದೂರು ನಮಗೆ ಮುಖ್ಯ ಅಂತ ಉತ್ತರ ಬರ್ತೈತಿ."

"ವೀರಭದ್ರಗ ಯಾಕ ಬರೂದಿಲ್ಲ ಸರ್ ಇದು?"

ವೀರಭದ್ರ ಇನ್ನೊಂದು ಪಾಳಿಯ ಆಪರೇಟರ್. ಅವನ ಪಾಳಿಯಲ್ಲಿ ಬೆಳಿಗ್ಗೆ ಒಮ್ಮೆ ತೆರೆದ ಸುಳ್ಳುಗಣಿಯನ್ನು ಮುಚ್ಚಿದರೆ ಮುಗಿಯಿತು, ಮತ್ತೆ ತಂಟೆಗೆ ಬರುತ್ತಿರಲಿಲ್ಲ. ಅದೇ ಕಂಪ್ಯೂಟರ್, ಅದೇ ಆಮೆ. ಕಣ್ಣುಪಟ್ಟಿ ಮಾತ್ರ ಅವರವರದು ಅವರವರಿಗೆ.

"ನಿನ್ನ ಕಂಡ್ರ ಅದಕ್ಕ ಪ್ರೀತಿ," ಎಂದು ಅಲ್ತಾಫ್ ನಕ್ಕ. ಹುಲಿಗೆಮ್ಮನೂ ನಕ್ಕಳು. ಆ ನಗೆಯನ್ನು ನೆನೆದು ಆಮೇಲೆ ಇಬ್ಬರಿಗೂ ಮೈ ಜುಮ್ಮೆಂದಿತು.

ಹತ್ತು ನಲವತ್ತಕ್ಕೆ ಕಂಟ್ರೋಲ್ ರೂಮಿನ ನೆಲ ಒಮ್ಮೆ ಕಂಪಿಸಿತು. ಮೇಜಿನ ಮೇಲಿನ ಲೋಟದ ನೀರಿನಲ್ಲಿ ಉಂಗುರ ಎದ್ದಿತು. ಗಣಿಯಲ್ಲಿ ಕಲ್ಲು ಸಿಡಿಯುವುದು ಹೊಸದಲ್ಲ, ಆದರೆ ಇದರ ಬೆನ್ನಿಗೇ ಫೋನು ಬಂತು. ಕೆಳಗಿನಿಂದ ಮೇಸ್ತ್ರಿ ಅಮರೇಶ.

"ಹದಿನಾಲ್ಕನೇ ಲೆವೆಲ್ಲಿನ ಮಾಳಿಗಿ ಕುಸದೈತ್ರಿ. ದಾರಿ ಪೂರಾ ಮುಚ್ಚೈತಿ. ಆಚಿಗಿ ಮೂರು ಮಂದಿ ಅದಾರ. ಗಾಳಿ ಪೈಪು ಕಲ್ಲಿನಡಿಗಿ ಸಿಕ್ಕು ಕಟ್ಟಾಗೇತಿ."

ಹುಲಿಗೆಮ್ಮ ಯಾರೆಂದು ಕೇಳಲಿಲ್ಲ. ಅವಳಿಗೆ ಗೊತ್ತಿತ್ತು.

ಮ್ಯಾನೇಜರ್ ಜಾಗೀರದಾರ ಸಾಹೇಬರು ಓಡಿಬಂದರು. ಲೆಕ್ಕ ಸರಳವಾಗಿತ್ತು. ಆಚೆಗಿರುವುದು ಬೇರೆ ದಾರಿಯಿಲ್ಲದ ಕುರುಡು ಸುರಂಗ, ಚಿಕ್ಕದು. ಕುಸಿದಾಗ ಎದ್ದ ಧೂಳು ಬೇರೆ. ಮೂವರಿಗೆ ಮೂರು ತಾಸಿನ ಗಾಳಿ, ಹೆಚ್ಚೆಂದರೆ ಮೂರೂವರೆ. ಕುಸಿದ ಜಾಗದಲ್ಲಿ ಮತ್ತೆ ಕಲ್ಲು ಬೀಳುವ ಭಯವಿದ್ದುದರಿಂದ ಜನರನ್ನು ಹತ್ತಿರ ಬಿಡುವಂತಿರಲಿಲ್ಲ. ಕಲ್ಲು ತೆಗೆಯಬೇಕಾದದ್ದು ಆಮೆಯೇ.

"ವೀರಭದ್ರನ್ನ ಕರಸೋಣೇನು?" ಎಂದರು ಸಾಹೇಬರು, ಹುಲಿಗೆಮ್ಮನ ಮುಖ ನೋಡಲಾಗದೆ. "ಒಳಗ ನಿಮ್ಮಣ್ಣ ಅದಾನ…"

"ಅವ ಗಂಗಾವತ್ಯಾಗ ಮದವಿಗೆ ಹೋಗ್ಯಾನ್ರಿ. ಬರೂದರಾಗ ಗಾಳಿ ತೀರ್ತೈತಿ," ಎಂದು ಹುಲಿಗೆಮ್ಮ ಕಣ್ಣುಪಟ್ಟಿ ಕಟ್ಟಿಕೊಂಡಳು.

ಹನ್ನೊಂದು ಇಪ್ಪತ್ತೈದಕ್ಕೆ ಆಮೆ ಕಲ್ಲಿನ ರಾಶಿಯ ಮುಂದೆ ಬಂದು ನಿಂತಿತು. ಸುರಂಗದ ಬಾಯಿಗೆ ಮೂಟೆ ತುರುಕಿದ ಹಾಗೆ ರಾಶಿ ಚಾವಣಿ ಮುಟ್ಟಿತ್ತು. ಮೊದಲು ಮಾಡಬೇಕಾದ ಕೆಲಸ ಆಲಿಸುವುದು.

ಆಲಿಸುವುದಕ್ಕೆ ಈ ಗಣಿಯಲ್ಲೊಂದು ಕಟ್ಟಳೆಯಿದೆ. ಗ್ಯಾನಪ್ಪ ಕಾಕಾನ ಅಪ್ಪನ ಕಾಲದಿಂದ ಬಂದದ್ದು. ಕುಸಿತವಾದಾಗ ಒಳಗಿದ್ದವರು ಪೈಪು ಅಥವಾ ಗೋಡೆ ಬಡಿಯಬೇಕು. ಒಬ್ಬೊಬ್ಬರೂ ಮೂರು ಸಲ, ಒಬ್ಬರ ಸರದಿ ಮುಗಿದ ಮೇಲೆ ಇನ್ನೊಬ್ಬರು. ಎಷ್ಟು ಸರದಿಯೋ ಅಷ್ಟು ಜೀವ. ಹೊರಗಿನವರು ಯಂತ್ರ ನಿಲ್ಲಿಸಿ, ತಲೆಯ ಮೇಲಿನದನ್ನು ತೆಗೆದು, ಬರಿತಲೆಯಲ್ಲಿ ಕೇಳಬೇಕು. ಯಂತ್ರ ನಿಂತಿರುವಷ್ಟು ಹೊತ್ತು ಗಣಿಯಲ್ಲಿ ಯಾರೂ ಕೆಮ್ಮಕೂಡದು, ಕಲ್ಲು ಒದೆಯಕೂಡದು, ಫೋನು ಎತ್ತಕೂಡದು. ಯಂತ್ರ ನಿಂತಿದೆಯೆಂದರೆ ಯಾರೋ ಕೇಳುತ್ತಿದ್ದಾರೆ ಎಂದೇ ಅರ್ಥ. ಕಲ್ಲಿನ ಎರಡೂ ಬದಿಯ ಜನಕ್ಕೆ ಇದು ಗೊತ್ತು.

ಆಮೆಯ ಮೂತಿಯಲ್ಲಿ ಕಲ್ಲಿಗೆ ಒತ್ತಿ ಕೇಳುವ ಸೂಕ್ಷ್ಮ ಮೈಕು ಇತ್ತು. ಹುಲಿಗೆಮ್ಮ ಎಂಜಿನ್ ಆರಿಸಿ, ಕಣ್ಣುಪಟ್ಟಿ ಬಿಚ್ಚಿ ಮೇಜಿನ ಮೇಲಿಟ್ಟು, ಇಯರ್‌ಫೋನ್ ಹಾಕಿಕೊಂಡು ಕಣ್ಣು ಮುಚ್ಚಿದಳು. ಮೊದಲು ಬರೀ ಸುಂಯ್ ಎಂಬ ಶಬ್ದ. ಆಮೇಲೆ, ಬಹಳ ದೂರದಿಂದ, ಟಣ್ ಟಣ್ ಟಣ್. ತಡೆದು ಮತ್ತೆ ಟಣ್ ಟಣ್ ಟಣ್. ಮತ್ತೂ ತಡೆದು, ನಿಧಾನವಾಗಿ ಮೂರನೆಯ ಸರದಿ.

"ಮೂರೂ ಮಂದಿ ಅದಾರ!" ಎಂದು ಕೂಗಿದಳು. ಕಣ್ಣಲ್ಲಿ ನೀರು ಬಂತು. ಐದು ನಿಮಿಷ ಪೂರ್ತಿ ಕೇಳಿಸಿಕೊಂಡು, ಸೆರಗಿನಿಂದ ಕಣ್ಣು ಒರೆಸಿ, ಕಣ್ಣುಪಟ್ಟಿ ಏರಿಸಿ, ಕೈಯನ್ನು ಹಿಡಿಕೆಗಳ ಮೇಲಿಟ್ಟಳು. ಎದುರಿಗೆ ಅದೇ ರಾಶಿ. ಎಂಜಿನ್ ಗುಡುಗಿತು. ಬಕೆಟ್ಟು ರಾಶಿಗೆ ನುಗ್ಗಿತು.

ಅವಳು ಅಷ್ಟು ಚೊಕ್ಕಾಗಿ ಎಂದೂ ಕೆಲಸ ಮಾಡಿರಲಿಲ್ಲ. ತುಂಬು, ಹಿಂದೆ ಸರಿ, ತಿರುಗು, ಇಪ್ಪತ್ತು ಮಾರು ಹಿಂದಿನ ಗುಂಡಿಗೆ ಸುರಿ, ಮರಳು. ದೊಡ್ಡ ಬಂಡೆಗಳೂ ಹಟ ಮಾಡದೆ ಬಕೆಟ್ಟಿಗೆ ಬಂದವು. ಒಂದು, ಎರಡು, ಏಳು, ಹನ್ನೆರಡು. ಅಲ್ತಾಫ್ ಪಕ್ಕದ ಪರದೆಯಲ್ಲಿ ಅವಳು ನೋಡುತ್ತಿದ್ದುದನ್ನೇ ನೋಡುತ್ತ ಉಸಿರು ಬಿಗಿಹಿಡಿದು ಎಣಿಸುತ್ತಿದ್ದ. ಹದಿನೆಂಟನೆಯ ಬಕೆಟ್ಟಿಗೆ ರಾಶಿ ಸೊಂಟದಷ್ಟು ಇಳಿದಿತ್ತು. "ಭಲೇ!" ಎಂದರು ಸಾಹೇಬರು.

ಆಗ ಫೋನು ಗಣಗಣಿಸಿತು. ಅಮರೇಶ ಪಿಸುದನಿಯಲ್ಲಿ ಮಾತಾಡುತ್ತಿದ್ದ.

"ತಪ್ಪು ತಿಳೀಬ್ಯಾಡ್ರಿ. ಕಟ್ಟಳಿ ಮುರದು ಫೋನ್ ಮಾಡೀನಿ. ಇನ್ನೂ ಎಷ್ಟ್ ಹೊತ್ತು ಕೇಳ್ತೀರಿ? ಆಮಿ ನಿಂತು ಅರ್ಧ ತಾಸಾತು."

ಅಲ್ತಾಫ್ ಫೋನನ್ನು ಸ್ಪೀಕರಿಗೆ ಹಾಕಿದ.

"ನಿಂತೈತಿ ಅಂದ್ರ?" ಎಂದಳು ಹುಲಿಗೆಮ್ಮ. ಅವಳ ಕಿವಿಯಲ್ಲಿ ಎಂಜಿನ್ ಇನ್ನೂ ಗುಡುಗುತ್ತಿತ್ತು.

"ನಿಂತೈತಿ ಅಂದ್ರ ನಿಂತೈತಿ ತಂಗೆವ್ವಾ. ಬಂದು ಮೂತಿ ಹಚ್ಚಿ ನಿಂತದ್ದು, ಇನ್ನೂ ಅಲುಗಾಡಿಲ್ಲ. ನಾವು ತಿರುವಿನಾಗ ಉಸುರು ಬಿಗಿಹಿಡಕೊಂಡು ಕುಂತೀವಿ."

ಅವಳು ಕಣ್ಣುಪಟ್ಟಿ ಕಿತ್ತಳು. ಸುರಂಗದ ಬದಲು ಕಂಟ್ರೋಲ್ ರೂಮು, ಬಿಳಿ ಗೋಡೆ, ಸಾಹೇಬರ ತೆರೆದ ಬಾಯಿ. ಇಪ್ಪತ್ತೆರಡು ನಿಮಿಷ. ಹದಿನೆಂಟು ಬಕೆಟ್ಟು ಕಲ್ಲನ್ನು ಅವಳು ಸುಳ್ಳುಗಣಿಯಿಂದ ಎತ್ತಿ ಸುಳ್ಳು ಗುಂಡಿಗೆ ಸುರಿದಿದ್ದಳು. ಕೆಳಗೆ ಒಂದು ಹರಳೂ ಕದಲಿರಲಿಲ್ಲ. "ಅಭ್ಯಾಸ" ಎಂಬ ನೀಲಿ ಅಕ್ಷರ ಅವಳು ಕಣ್ಣು ಮುಚ್ಚಿ ಕೇಳುತ್ತಿದ್ದಾಗಲೇ ಮಿಂಚಿ ಹೋಗಿತ್ತು. ಬಂಡೆಗಳು ಹಟ ಮಾಡದೆ ಬಂದಾಗಲೇ ಗೊತ್ತಾಗಬೇಕಿತ್ತು ಎಂದು ಹೊಳೆಯಿತು. ಕಣ್ಣುಪಟ್ಟಿಯನ್ನು ಮೇಜಿಗೆ ಕುಕ್ಕಿ, "ಆರಿಸ್ರಿ ಅದನ್ನ," ಎಂದಳು.

ನಡುವೆ ಮುಚ್ಚಿದರೆ ನಿಮಿಷದೊಳಗೆ ಕಾವಲು ಪ್ರೋಗ್ರಾಮು ಎಬ್ಬಿಸುತ್ತಿತ್ತು; ಕಂಪ್ಯೂಟರ್ ಏಳುವಾಗಲೇ ಮುಚ್ಚಿದರೆ ಮಾತ್ರ ಸುಮ್ಮನಿರುತ್ತಿತ್ತು. ಇಡೀ ಕಂಪ್ಯೂಟರನ್ನು ಆರಿಸಿ ಎಬ್ಬಿಸಿ, ಪ್ರತಿಗಣಿ ತಲೆಯೆತ್ತಿದ ಕೂಡಲೇ ತಟ್ಟಿ ಮುಚ್ಚಿ, ಆಮೆಯ ಜೊತೆ ಮತ್ತೆ ಸಂಪರ್ಕ ಸಾಧಿಸಲು ಒಂಬತ್ತು ನಿಮಿಷ. ಆ ಒಂಬತ್ತು ನಿಮಿಷ ಸಾಹೇಬರು ಹೆಡ್ ಆಫೀಸಿಗೆ ಫೋನು ಹಚ್ಚಿ ಪಾಸ್‌ವರ್ಡು ಕೇಳಿದರು, ಬೇಡಿಕೊಂಡರು, ಕೊನೆಗೆ ಬೈದರು. ಪಾಸ್‌ವರ್ಡ್ ಇದ್ದವರು ವಿಮಾನದಲ್ಲಿದ್ದರು.

ಆ ಹೊತ್ತಿಗೇ ಹುಲಿಗೆಮ್ಮನ ಮೊಬೈಲು ಮಿಡಿಯಿತು. ಶರಣಮ್ಮ.

"ಓಣ್ಯಾಗೆಲ್ಲಾ ಅನ್ನಾಕತ್ತಾರ. ಹೌದೇನ ಹುಲಿಗಿ?"

"ಹೌದು ಅತ್ತಿಗಿ."

"ಕಲ್ಲು ತಗಿಯೋರು ಯಾರು?"

"ನಾನ."

"ಹಂಗಾರ ಫೋನ್ ಇಡ್ತೀನಿ. ನಿನ್ನ ಕೆಲಸ ಮಾಡು," ಎಂದಳು ಶರಣಮ್ಮ. ಹುಲಿಗೆಮ್ಮ ಮೊಬೈಲು ಕೆಳಗಿಟ್ಟು ಕಣ್ಣುಪಟ್ಟಿ ಕೈಗೆತ್ತಿಕೊಂಡಳು.

ಈ ಸಲ ಅಮರೇಶ ಎಲ್ಲರೂ ಬೇಡವೆಂದರೂ ಸುರಿಯುವ ಗುಂಡಿಯ ಹತ್ತಿರಕ್ಕೆ ಬಂದು, ಫೋನು ಹಿಡಿದು ನಿಂತ. ಒಂದೊಂದು ಬಕೆಟ್ಟು ಸುರಿದಾಗಲೂ ಬಾಯಿ ಬಿಟ್ಟು ಎಣಿಸಿದ. "ಒಂದು ಬಿತ್ತು. ಎರಡು ಬಿತ್ತು." ಆ ದನಿಯೇ ಅವಳಿಗೆ ಅಸಲಿ ಗಣಿಯ ಗುರುತು. ಅಸಲಿ ಬಂಡೆ ಹಟ ಮಾಡಿತು, ಜಾರಿತು, ಬಕೆಟ್ಟಿನ ತುಟಿಗೆ ಸಿಕ್ಕಿಕೊಂಡು ಆಮೆಯನ್ನೇ ಎತ್ತಿ ಕುಕ್ಕಿತು. ಹನ್ನೆರಡು ಬಕೆಟ್ಟಾದಾಗ ರಾಶಿ ಮೊಣಕಾಲಷ್ಟೂ ಇಳಿದಿರಲಿಲ್ಲ. ಮೇಲಿನಿಂದ ಕಲ್ಲು ಜಾರುತ್ತಿತ್ತು. ಎಲ್ಲಿಂದ ಕೊರೆದರೆ ಅವರ ಮೇಲೆ ಬೀಳುವುದಿಲ್ಲ ಎಂದು ತಿಳಿಯಲು ಅವರು ಎಲ್ಲಿದ್ದಾರೆಂದು ತಿಳಿಯಬೇಕು. ಮತ್ತೆ ಕೇಳಲೇಬೇಕಿತ್ತು.

ಎಂಜಿನ್ ಆರಿಸಿದಳು. ಕಣ್ಣುಪಟ್ಟಿ ಮೇಜಿನ ಮೇಲಿಟ್ಟಳು. ಬರಿತಲೆಯಲ್ಲಿ ಕಣ್ಣು ಮುಚ್ಚಿದಳು.

ಟಣ್ ಟಣ್ ಟಣ್. ತಡೆದು, ಟಣ್ ಟಣ್ ಟಣ್.

ಮೂರನೆಯ ಸರದಿಗೆ ಕಾದಳು. ನೂರು ಎಣಿಸಿದಳು. ಇನ್ನೂರು ಎಣಿಸಿದಳು. ಮತ್ತೆ ಮೊದಲನೆಯದೇ ಶುರುವಾಯಿತು, ಮತ್ತೆ ಎರಡಕ್ಕೇ ನಿಂತಿತು.

"ಎಷ್ಟು?" ಎಂದರು ಸಾಹೇಬರು.

"ಎರಡು," ಎಂದಳು. ಎರಡರಲ್ಲಿ ಅಣ್ಣನದು ಇದೆಯೋ ಇಲ್ಲವೋ ಎಂದು ಕಬ್ಬಿಣ ಹೇಳುವುದಿಲ್ಲ. ದುಃಖಕ್ಕೆ ಹೊತ್ತಿರಲಿಲ್ಲ. ಸದ್ದು ಎಡಗಡೆಯಿಂದ ಬಂದಿತ್ತು, ಹಾಗಾದರೆ ಬಲಗಡೆ ಮೇಲ್ಭಾಗದಿಂದ ಕೊರೆಯಬೇಕು. ಕಣ್ಣುಪಟ್ಟಿ ಏರಿಸಿದಳು, ತುಂಬಿದಳು, ಸುರಿದಳು.

"ಅಮರೇಶಣ್ಣಾ, ಹದಿಮೂರು ಅನ್ನು."

"ಏನೂ ಬಿದ್ದಿಲ್ಲ ತಂಗೆವ್ವಾ."

ಮತ್ತೆ ಸುಳ್ಳುಗಣಿ. ಹುಲಿಗೆಮ್ಮ ಎರಡೂ ಕೈಯಿಂದ ಮೇಜು ಗುದ್ದಿದಳು. ಅಲ್ತಾಫ್ ಆಗಲೇ ಬೇರೊಂದು ಕಡತ ತೆರೆದಿದ್ದ. ಪ್ರತಿಗಣಿ ತಾನು ಯಾಕೆ, ಯಾವಾಗ ಎದ್ದೆನೆಂದು ತನ್ನಷ್ಟಕ್ಕೆ ಬರೆದಿಟ್ಟುಕೊಳ್ಳುವ ದಿನಚರಿ. ಅದನ್ನು ಇಷ್ಟು ದಿನ ಯಾಕೆ ಓದಲಿಲ್ಲವೆಂದು ತನ್ನನ್ನೇ ಶಪಿಸುತ್ತ ಗಟ್ಟಿಯಾಗಿ ಓದಿದ.

"ಕೇಳು ಅಕ್ಕಾ. 'ಹೆಡ್‌ಸೆಟ್ ತಲೆಯ ಮೇಲಿದೆ. ಕೈಗೆ ಕೆಲಸವಿಲ್ಲ, ನೂರೆಂಬತ್ತು ಸೆಕೆಂಡು. ಅಭ್ಯಾಸ ಆರಂಭ.' ಹನ್ನೊಂದೂವರಿಗೂ ಇದ, ಈಗೂ ಇದ. ಖಾಲಿ ಕುಂತ ಆಪರೇಟರ್ ಅಭ್ಯಾಸ ಮಾಡ್ಲಿ ಅಂತ ಮಾಡ್ಯಾರ ಬದ್ಮಾಶರು. ಆದ್ರ ನೀ ಕೇಳುವಾಗ ಅದನ್ನ ತಲಿ ಮ್ಯಾಲ ಇಟ್ಟಿದ್ದಿಲ್ಲ."

"ಇಲ್ಲಲ್ಲ. ಮೇಜಿನ ಮ್ಯಾಲಿತ್ತು. ನೀವ ನೋಡೀರಿ."

"ಹೌದು ನೋಡೀನಿ. ಮತ್ತ ಇದ್ಯಾಕ ತಲಿ ಮ್ಯಾಲೈತಿ ಅಂತೈತಿ? ಎರಡು ಮಸೂರದ ನಡುವ ಒಂದು ಸಣ್ಣ ಗಾಜಿನ ಕಣ್ಣಿರ್ತೈತಿ. ಹಣಿ ಹತ್ರ ಬಂದು ಕತ್ತಲಾದ್ರ, ತೊಟ್ಟಾರ ಅಂತ ಅದಕ್ಕ ತಿಳೀತೈತಿ. ತಗದ್ರ ಬೆಳಕು ಬಿದ್ದು…"

ಅವನ ಮಾತು ಮುಗಿಯುವ ಮೊದಲೇ ಹುಲಿಗೆಮ್ಮನ ಕೈ ತನ್ನ ಹಣೆಗೆ ಹೋಗಿತ್ತು.

ಮೂರು ತಿಂಗಳ ಹಿಂದೆ. ಕಣ್ಣುಪಟ್ಟಿಯೊಳಗಿನ ಸೆಕೆಗೆ ಬಂದ ಬೆವರು ಒರೆಸಲು ಅದನ್ನೆತ್ತಿದರೆ ಸಾಕು, ಅದು ನಿದ್ದೆಹೋಗಿ ಆಮೆ ನಿಂತುಬಿಡುತ್ತಿತ್ತು. ಮತ್ತೆ ಏಳಲು ಅರ್ಧ ನಿಮಿಷ. ಕೆಳಗಿನವರು ಬೈಯುತ್ತಿದ್ದರು. ಒಂದು ದಿನ ಅವಳ ಹಣೆಯ ಟಿಕಳಿ ಬೆವರಿಗೆ ಕಿತ್ತು ಒಳಗೆಲ್ಲೋ ಅಂಟಿಕೊಂಡಿತು. ಅವತ್ತಿನಿಂದ ಕಣ್ಣುಪಟ್ಟಿ ನಿದ್ದೆಹೋಗುವುದನ್ನು ಬಿಟ್ಟಿತು. ಅವಳಿಗೆ ಭಾರಿ ಖುಷಿ. ಅದರ ಅಂಟು ಸಡಿಲಾದಾಗ ಇನ್ನೊಂದು, ಅದೂ ಸಡಿಲಾದಾಗ ಮತ್ತೊಂದು, ತಾನೇ ಕೈಯಾರೆ ಅಂಟಿಸುತ್ತ ಬಂದಿದ್ದಳು. ಮೊಬೈಲಿನ ಬೆನ್ನ ಮೇಲೆ ಒಂದು ಸದಾ ತಯಾರಿರುತ್ತಿತ್ತು.

ಕಣ್ಣುಪಟ್ಟಿಯನ್ನು ಮಗುಚಿದಳು. ಎರಡು ಮಸೂರದ ನಡುವೆ, ಹಣೆಯ ನಟ್ಟನಡುವೆ ಇಟ್ಟಷ್ಟು ನೀಟಾಗಿ, ಕೆಂಪು ಟಿಕಳಿ.

ಅಲ್ತಾಫ್ ಅದನ್ನು ನೋಡಿದ. ಅವಳನ್ನು ನೋಡಿದ. ಸಾಹೇಬರು ಕಿಟಕಿಯ ಬಳಿ ಫೋನಿನಲ್ಲಿದ್ದರು. ಅವಳು ಉಗುರಿನಿಂದ ಟಿಕಳಿ ಕಿತ್ತು ಮುಂಗೈಗೆ ಅಂಟಿಸಿಕೊಂಡು, ಅಳುಕಿಲ್ಲದ ದನಿಯಲ್ಲಿ, "ಮತ್ತ ಚಾಲು ಮಾಡ್ರಿ ಸರ್," ಎಂದಳು.

ಇನ್ನೂ ಒಂಬತ್ತು ನಿಮಿಷ ಹೋಯಿತು.

ಆಮೇಲಿನ ಮುಕ್ಕಾಲು ತಾಸಿನಲ್ಲಿ ಅವಳು ಇಪ್ಪತ್ತೇಳು ಬಕೆಟ್ಟು ತೆಗೆದಳು. ಅಮರೇಶನ ದನಿ ಕೂಗಿ ಕೂಗಿ ಬಿದ್ದುಹೋಗಿತ್ತು. ನಡುವೆ ಎರಡು ಸಲ ನಿಲ್ಲಿಸಿ ಕೇಳಿದಳು. ಮೇಜಿನ ಮೇಲಿಟ್ಟ ಕೂಡಲೇ ಕಣ್ಣುಪಟ್ಟಿ ಸಾಧುವಾಗಿ ನಿದ್ದೆಹೋಯಿತು, ಪ್ರತಿಗಣಿ ತಲೆಯೆತ್ತಲಿಲ್ಲ. ಎರಡು ಸರದಿಯ ಬಡಿತ ಮಾತ್ರ ಸಲಸಲಕ್ಕೂ ಸಣ್ಣದಾಗುತ್ತಿತ್ತು.

ಒಂದೂವರೆಗೆ ರಾಶಿಯ ಬಲ ಮೇಲ್ಮೂಲೆಯಲ್ಲಿ ಕಲ್ಲೊಂದು ಒಳಗಡೆಗೆ ಉರುಳಿ, ಅಂಗೈಯಗಲದ ಕಿಂಡಿ ಬಿತ್ತು. ಕಿಂಡಿಯಲ್ಲಿ ಹಳದಿ ಬೆಳಕು. ಹೆಲ್ಮೆಟ್ಟಿನ ದೀಪ.

ಅವಳ ಕೈ ನಿಂತುಹೋಯಿತು. ಸುಳ್ಳುಗಣಿಯಲ್ಲೂ ದೀಪಗಳಿದ್ದವು. ಪಾರುಗಾಣಿಕೆಯ ಅಭ್ಯಾಸದಲ್ಲಿ ಹೀಗೇ ಕಿಂಡಿ ಬಿದ್ದು, ಹೀಗೇ ಬೊಂಬೆಯ ದೀಪ ಮಿನುಗುತ್ತಿತ್ತು. ಇದು ಅಸಲಿಯಾದರೆ ಇನ್ನು ಗೇಣುಗೇಣು ಕೆರೆಯಬೇಕು, ಸ್ವಲ್ಪ ಹೆಚ್ಚಾದರೂ ಬಂಡೆ ಅವರ ಮೇಲೆ. ಸುಳ್ಳಾದರೆ ಗೇಣುಗೇಣು ಕೆರೆಯುತ್ತ ಕೂತಷ್ಟೂ ಅಲ್ಲಿ ಉಸಿರು ಮುಗಿಯುತ್ತದೆ. ತನ್ನ ಕಣ್ಣನ್ನೇ ನಂಬಲಾಗದೆ ಅವಳಿಗೆ ಅಳು ಬಂತು.

"ಅಮರೇಶಣ್ಣಾ, ನಾ ಎಂಜಿನ್ ಆರಿಸಿ ಬೀಗ ಹಾಕೀನಿ, ಕೈ ಮ್ಯಾಲೆತ್ತೀನಿ. ನೀ ಆಮಿ ಮುಂದ ಬಂದು ನಿಂದ್ರು. ನಿನ್ನ ಮಾರಿ ನೋಡಬೇಕು."

ಅದು ನಿಯಮಕ್ಕೆ ಪೂರಾ ವಿರುದ್ಧ. ಆದರೂ ಸಾಹೇಬರು ತಡೆಯಲಿಲ್ಲ. ಅವಳು ಕಣ್ಣುಪಟ್ಟಿಯೊಳಗೆ ಸೆಕೆಂಡು ಎಣಿಸಿದಳು. ನೂರೆಂಬತ್ತಾಗುವ ಮೊದಲು ಅವನು ಬರಬೇಕು. ನೂರಿಪ್ಪತ್ತು. ನೂರಮೂವತ್ತು. ಎಡಗಡೆಯಿಂದ ಒಂದು ನೆರಳು ಬಂತು. ಧೂಳು ಮೆತ್ತಿದ ಮುಖವೊಂದು ಕ್ಯಾಮೆರಾಕ್ಕೆ ಬಗ್ಗಿತು. ಆಮೇಲೆ ಜಗತ್ತೆಲ್ಲ ಕೆಂಪು ಚೌಕಳಿಯಾಯಿತು. ಅಮರೇಶ ಹೆಗಲ ಟವೆಲ್ಲಿನಿಂದ ಆಮೆಯ ಕಣ್ಣು ಒರೆಸುತ್ತಿದ್ದ, ಒಂದು ಕಣ್ಣು, ಆಮೇಲೆ ಇನ್ನೊಂದು, ಅಳುವ ಮಗುವಿಗೆ ಒರೆಸಿದ ಹಾಗೆ. ಸುಳ್ಳುಗಣಿಗೆ ಟವೆಲ್ಲು ಗೊತ್ತಿರಲಿಲ್ಲ.

"ನಾನ ಇದೀನಿ ತಂಗೆವ್ವಾ," ಎಂದ. "ಕೆರಿ ಇನ್ನ."

ಕೆರೆದಳು. ಮೊದಲು ದುರುಗಪ್ಪ ತೆವಳಿಕೊಂಡು ಬಂದ. ಅವನ ಹಿಂದೆ ಯಮನೂರಪ್ಪ, ಬೆನ್ನು ಮುಂದಾಗಿ, ಗ್ಯಾನಪ್ಪ ಕಾಕಾನ ಎರಡೂ ತೋಳು ಹಿಡಿದು ಎಳೆಯುತ್ತ. ಅಣ್ಣ ಆಮೆಯ ಬೆಳಕಿಗೆ ಕಣ್ಣು ಕಿವುಚಿ, ಕೈ ಎತ್ತಲು ನೋಡಿ, ಎತ್ತಲಾಗದೆ ಅಲ್ಲೇ ಕೂತ. ಹುಲಿಗೆಮ್ಮ ಕಣ್ಣುಪಟ್ಟಿಯೊಳಗೇ ಬಿಕ್ಕಿ ಬಿಕ್ಕಿ ಅತ್ತಳು. ಮಸೂರವೆಲ್ಲ ಒದ್ದೆಯಾಯಿತು.

ಗ್ಯಾನಪ್ಪ ಕಾಕಾನ ಉಸಿರು ಮೇಲಕ್ಕೆ ತರುವಾಗ ಇನ್ನೂ ಇತ್ತು. ಆಸ್ಪತ್ರೆಯಲ್ಲಿ ಸಂಜೆಗೆ ನಿಂತಿತು. ಇನ್ನಷ್ಟು ಬೇಗ ತಂದಿದ್ದರೆ ಎಂದು ಹುಲಿಗೆಮ್ಮ ಡಾಕ್ಟರನ್ನು ಕೇಳಿದಳು. ವಯಸ್ಸು ಅರವತ್ತರ ಹತ್ತಿರ, ಹೇಳಲು ಬರುವುದಿಲ್ಲ ಎಂದರು ಅವರು.

ನಾಲ್ಕನೆಯ ದಿನ ಯಮನೂರಪ್ಪ ಮನೆಗೆ ಬಂದ. ಶರಣಮ್ಮ ಬಿಸಿ ರೊಟ್ಟಿ ಬಡಿಯುತ್ತಿದ್ದಳು. ಅವನು ಒಂದು ತುತ್ತು ಬಾಯಿಗಿಟ್ಟ. ಹುಲಿಗೆಮ್ಮ ಎದುರಿಗೆ ಕೂತು ಎಲ್ಲ ಹೇಳಿದಳು. ಟಿಕಳಿಯಿಂದ ಹಿಡಿದು ಹದಿನೆಂಟು ಬಕೆಟ್ಟಿನವರೆಗೆ, ಒಂದನ್ನೂ ಬಚ್ಚಿಡಲಿಲ್ಲ. ರೊಟ್ಟಿ ಬಡಿಯುವ ಸದ್ದು ನಿಂತಿತು.

"ಆಮಿ ಬಂದದ್ದು ಕೇಳಿತ್ತು ನಮಗ," ಎಂದ ಅವನು. "ಬಂತು, ನಿಂತಿತು. ಮೂರೂ ಮಂದಿ ಬಡದ್ವಿ. ಆಮ್ಯಾಲ ಸದ್ದಿಲ್ಲ. ಸಾಕು ಬಿಡು ಕಾಕಾ, ಉಸುರು ಉಳಿಸ್ಕೋ ಅಂದೆ. ಅವ ಕೇಳಲಿಲ್ಲ. 'ಯಂತ್ರ ನಿಂತೈತಿ ಅಂದ್ರ ಹುಡುಗಿ ಕೇಳಾಕತ್ಯಾಳ. ಅಕಿ ಕೇಳೋ ತನಕ ನಾವು ಬಡೀಬೇಕು' ಅಂದ. ಅಷ್ಟ್ ಹೊತ್ತೂ ಅವನೊಬ್ಬನೇ ಬಡದ. ಆಮಿ ಮತ್ತ ಗುರ್ ಅಂದಾಗ ಸುತ್ತಿಗಿ ಕೆಳಗಿಟ್ಟು ನಕ್ಕ. ಮತ್ತ ಎತ್ತಲಿಲ್ಲ."

ಆ ಇಪ್ಪತ್ತೆರಡು ನಿಮಿಷವೂ ಕಾಕಾ ಬಡಿದಿದ್ದ, ಅವಳು ಕೇಳುತ್ತಿದ್ದಾಳೆಂದು. ಅವಳ ಕಿವಿಯಲ್ಲಿ ಆಗ ಇಲ್ಲದ ಎಂಜಿನ್ನು ಇಲ್ಲದ ಕಲ್ಲನ್ನು ಎತ್ತುತ್ತಿತ್ತು. ಯಮನೂರಪ್ಪ ರೊಟ್ಟಿ ಕೆಳಗಿಟ್ಟು, ತಂಗಿಯ ತಲೆಯ ಮೇಲೆ ಕೈಯಿಟ್ಟ.

ವಿಚಾರಣೆ ಮರುವಾರ ಗಣಿಯ ಕಚೇರಿಯಲ್ಲಿ ನಡೆಯಿತು. ಬರುವ ಮುಂಚೆ ಅಲ್ತಾಫ್ ಅವಳನ್ನು ಮೆಟ್ಟಿಲ ಬಳಿ ತಡೆದ.

"ನಾ ಏನೂ ನೋಡಿಲ್ಲ ಅಕ್ಕಾ. ದಿನಚರಿಯಾಗ ಟಿಕಳಿ ಅಂತ ಬರದಿರೂದಿಲ್ಲ. ನೀ ಬಾಯಿ ಬಿಟ್ರ ಎಲ್ಲಾ ನಿನ್ನ ಮ್ಯಾಲ ಹಾಕಿ, ಅವರು ಕೈ ತೊಳಕೊಂಡು ಹೋಗ್ತಾರ. ನೌಕರಿನೂ ಹೋಗ್ತೈತಿ."

ಒಳಗೆ ಮೇಜಿನಾಚೆ ಇಬ್ಬರು ಅಧಿಕಾರಿಗಳು. ಪಕ್ಕದಲ್ಲಿ ಪ್ರತಿಗಣಿಯ ಕಂಪನಿಯಿಂದ ಬಂದ ಇಸ್ತ್ರಿ ಅಂಗಿಯವನು. ಸಂವೇದಕ ಯಾಕೋ ತಪ್ಪು ಓದಿದೆ, ವಿದ್ಯುತ್ ಏರುಪೇರಾಗಿರಬಹುದು, ತಂತ್ರಾಂಶ ತಾನು ಮಾಡಬೇಕಾದ್ದನ್ನೇ ಮಾಡಿದೆ ಎಂದು ಅವನು ಆಗಲೇ ಹೇಳಿ ಮುಗಿಸಿದ್ದ. ಅಧಿಕಾರಿ ಹುಲಿಗೆಮ್ಮನ ಮುಂದೆ ಒಂದು ಹಾಳೆ ಸರಿಸಿದರು. ಕೊನೆಯ ಸಾಲಿನಲ್ಲಿ "ಆಪರೇಟರ್ ಕಂಡಂತೆ ಕಾರಣ" ಎಂದಿತ್ತು. ಅದರ ಮುಂದೆ ಖಾಲಿ ಜಾಗ.

ಹುಲಿಗೆಮ್ಮ ಮೊಬೈಲಿನ ಬೆನ್ನಿಗೆ ಅಂಟಿಸಿಟ್ಟಿದ್ದ ಕೆಂಪು ಟಿಕಳಿಯನ್ನು ಉಗುರಿನಿಂದ ಬಿಡಿಸಿ, ಆ ಖಾಲಿ ಜಾಗದಲ್ಲಿಟ್ಟು ಹೆಬ್ಬೆರಳಿನಿಂದ ಒತ್ತಿದಳು.

"ಏನಮ್ಮಾ ಇದು?" ಎಂದರು ಅಧಿಕಾರಿ.

"ಗಾಜಿನ ಕಣ್ಣಿಗೆ ನಾ ಹಚ್ಚಿದ್ದುರಿ. ಇದು ನನ್ನ ತಪ್ಪು, ಬರಕೊಳ್ರಿ," ಎಂದಳು. ಆಮೇಲೆ ಇಸ್ತ್ರಿ ಅಂಗಿಯವನ ಕಡೆ ತಿರುಗಿದಳು. "ಮೂರು ಮಂದಿ ಕಲ್ಲಿನಡಿ ಇದ್ದಾಗ, ಯಾರೂ ಕರೀದ ಎದ್ದು ಬಂದು ನನ್ನ ಕಣ್ಣು ಮುಚ್ಚಿದ್ದು ನಿಮ್ದು. ಬ್ಯಾಡ ಅಂತ ಮೂರು ವಾರ ಬರದ್ರೂ ತಗೀಲಿಲ್ಲ. ಅದನ್ನೂ ಬರಕೊಳ್ರಿ. ಎರಡೂ ಬರದದ್ದು ನೋಡೇ ನಾ ಏಳೂದು."

ಇಸ್ತ್ರಿ ಅಂಗಿಯವನು ಏನೋ ಹೇಳಹೊರಟ. ಅಧಿಕಾರಿ ಕೈಯೆತ್ತಿ ಅವನನ್ನು ತಡೆದರು. ಹುಲಿಗೆಮ್ಮ ತಲೆಯ ಮೇಲಿನ ಸೆರಗನ್ನು ಹಿಂದಕ್ಕೆ ಸರಿಸಿ, ಬರಿತಲೆಯಲ್ಲಿ ಕಣ್ಣು ಮುಚ್ಚಿ, ಪೆನ್ನಿನ ಸದ್ದು ಕೇಳಿಸುವುದನ್ನೇ ಕಾಯುತ್ತ ಕೂತಳು.